ಮೂವರು ಅಕ್ಕತಂಗಿಯರು, ಮೂರು ಪಟ್ಟಿಗಳು

ನನಗೆ ಒಂಬತ್ತು ವರ್ಷವಾಗಿದ್ದಾಗ ಅಪ್ಪನ ತಾಯಿ ಔರಾದ್ ತಾಲೂಕಿನ ತಾಂಡಾದಿಂದ ಕಣ್ಣಿನ ಆಪರೇಷನ್ನಿಗೆಂದು ಬೀದರಿಗೆ ಬಂದು ನಮ್ಮ ಮನೆಯಲ್ಲಿ ಎರಡು ತಿಂಗಳಿದ್ದಳು. ಅಪ್ಪ ಅವಳನ್ನು ಯಾಡಿ ಎಂದು ಕರೆಯುತ್ತಿದ್ದರು. ನಮ್ಮವರ ಮಾತಿನಲ್ಲಿ ಯಾಡಿ ಎಂದರೆ ತಾಯಿ. ನಾನೂ ಹಾಗೇ ಕರೆದೆ. ಆ ಭಾಷೆಯಲ್ಲಿ ನನಗೆ ಗೊತ್ತಿದ್ದದ್ದು ಅದೊಂದೇ ಶಬ್ದ.

ನಾವು ಲಂಬಾಣಿಗರು. ಈ ಮಾತನ್ನು ನಾನು ಹೊರಗಿನವರೆದುರು ಬಾಯಿಬಿಟ್ಟು ಹೇಳಿದ್ದು ಮೂವತ್ತು ದಾಟಿದ ಮೇಲೆ. ಅಪ್ಪ ಬೀದರಿನ ಒಂದು ಕಚೇರಿಯಲ್ಲಿ ಗುಮಾಸ್ತರಾಗಿದ್ದರು. ಮನೆಯೊಳಗೆ ಕನ್ನಡ, ಓಣಿಯಲ್ಲಿ ದಖ್ಖನಿ, ಸಂತೆಗೆ ಹೋದರೆ ಅಷ್ಟಿಷ್ಟು ಮರಾಠಿ. ತಾಂಡಾದ ಮಾತು ಮಾತ್ರ ಹೊಸ್ತಿಲು ದಾಟಿ ಒಳಗೆ ಬರುವಂತಿರಲಿಲ್ಲ. ಅಮ್ಮನೂ ತಾಂಡಾದವಳೇ. ಅಪ್ಪ ಕಚೇರಿಗೆ ಹೋದ ಮೇಲೆ ಅಡುಗೆಮನೆಯಲ್ಲಿ ತನ್ನಷ್ಟಕ್ಕೆ ಏನೋ ಗುನುಗುತ್ತಿದ್ದಳು. ನಾನು ಒಳಗೆ ಕಾಲಿಟ್ಟರೆ ನಿಲ್ಲಿಸಿಬಿಡುತ್ತಿದ್ದಳು. ನಾನು ಕಾಲೇಜಿನಲ್ಲಿದ್ದಾಗಲೇ ಅವಳು ತೀರಿಕೊಂಡಳು.

ಆ ಎರಡು ತಿಂಗಳು ಮಧ್ಯಾಹ್ನ ಸಾಲೆ ಬಿಟ್ಟು ಬಂದರೆ ನನಗೆ ಒಂದೇ ಕೆಲಸ, ಯಾಡಿಯ ಹತ್ತಿರ ಕೂರುವುದು. ಅವಳ ಕಣ್ಣಿಗೆ ಪಟ್ಟಿ ಕಟ್ಟಿದ್ದರು. ಮಲಗಿಕೊಂಡೇ ನನ್ನ ಮಣಿಕಟ್ಟು ಹಿಡಿದು ಮಾತಾಡುತ್ತಿದ್ದಳು. ಅವಳಿಗೆ ಕನ್ನಡ ನಾಲ್ಕಾರು ಶಬ್ದ ಬರುತ್ತಿತ್ತು ಅಷ್ಟೇ, ಮಾತೆಲ್ಲ ತಾಂಡಾದ್ದು. ದಿನಕ್ಕೆ ಒಂದು ತಾಸು, ಕೆಲವೊಮ್ಮೆ ಎರಡು. ನಡುವೆ ಕೈಬೆರಳು ಮಡಿಚಿ ಏನೋ ಎಣಿಸುವಳು, ಏನೋ ನೆನೆದು ನಗುವಳು. ಅವಳು ನಿಲ್ಲಿಸಿದಾಗ ನಾನು "ಹೂಂ" ಎನ್ನುತ್ತಿದ್ದೆ. ಬೇರೇನೂ ಹೇಳಲು ನನಗೆ ಬರುತ್ತಿರಲಿಲ್ಲ. ನಾನು ಹೂಂ ಎಂದರೆ ಅವಳು ಮತ್ತೆ ಶುರು ಮಾಡುವಳು. ಅಪ್ಪನ ಸೈಕಲ್ ಅಂಗಳಕ್ಕೆ ಬಂದ ಸದ್ದಾದರೆ ಮಾತು ಅಲ್ಲಿಗೇ ಕಡಿಯುತ್ತಿತ್ತು. ಪಟ್ಟಿ ಬಿಚ್ಚಿದ ಮೇಲೆ ಅವಳು ತಾಂಡಾಕ್ಕೆ ಹೋದಳು. ಮರುವರ್ಷ ತೀರಿಕೊಂಡಳು.

ನಾನು ಎಂ.ಎ. ಮಾಡಿ ಭಾಲ್ಕಿಯ ಕಾಲೇಜಿನಲ್ಲಿ ಇತಿಹಾಸ ಕಲಿಸಲು ಸೇರಿದೆ. ಬೀದರಿನಿಂದ ದಿನಾ ಬಸ್ಸಿನಲ್ಲಿ ಹೋಗಿ ಬರುತ್ತಿದ್ದೆ. ಕೆಲವು ವರ್ಷಗಳ ಮೇಲೆ ಪಿಎಚ್.ಡಿ.ಗೆ ಹೆಸರು ಹಚ್ಚಿದೆ. ಬ್ರಿಟಿಷರ ಮತ್ತು ನಿಜಾಮರ ಕಾಲದ ದಫ್ತರಗಳು ನಮ್ಮವರನ್ನು ಹೇಗೆ ಬರೆದುಕೊಂಡವು, ಆಮೇಲೆ ಬಂದ ಹೊಸ ದೇಶ ಅವರನ್ನು ಯಾವ ಕಟ್ಟಿನಲ್ಲಿ ಇಟ್ಟಿತು ಎಂಬುದು ನನ್ನ ವಿಷಯ. ಎತ್ತುಗಳ ಮೇಲೆ ಧಾನ್ಯ, ಉಪ್ಪು ಹೇರಿಕೊಂಡು ದಖ್ಖನಿನ ತುಂಬಾ ಓಡಾಡಿದ ಮಂದಿ ಅವರು. ಒಂದು ಕಾಲಕ್ಕೆ ದಂಡುಗಳಿಗೆ ಅವರಿಲ್ಲದೆ ಊಟವಿರಲಿಲ್ಲ. ರೈಲು ಬಂತು, ಹೇರು ನಿಂತಿತು. ನಿಂತ ಮಂದಿಯನ್ನು ಕಂಡು ಸರಕಾರಕ್ಕೆ ಅನುಮಾನ ಹುಟ್ಟಿತು. ಕೆಲವು ಜಾತಿಗಳು ಹುಟ್ಟಿನಿಂದಲೇ ಅಪರಾಧಿಗಳು ಎನ್ನುವ ಕಾನೂನು ಬಂತು, ಅದರ ಪಟ್ಟಿಗಳಲ್ಲಿ ಅವರ ಹೆಸರೂ ಸೇರಿತು.

ಹೈದರಾಬಾದಿನ ಗ್ರಂಥಾಲಯವೊಂದರಲ್ಲಿ ಕೂತು ಅಂಥ ವರದಿಗಳನ್ನು ಓದುವಾಗ ನನಗೆ ಸಿಟ್ಟು ಬರಬೇಕಿತ್ತು. ಬಂದದ್ದು ಹೊಟ್ಟೆಕಿಚ್ಚು. ನಮ್ಮ ಹೆಂಗಸರ ಲಂಗಕ್ಕೆ ಎಷ್ಟು ನಿರಿಗೆ, ಕನ್ನಡಿಯನ್ನು ಯಾವ ಹೊಲಿಗೆಯಲ್ಲಿ ಕೂರಿಸುತ್ತಾರೆ, ಕೈಗೆ ಬಳೆ ಎಲ್ಲಿಂದ ಎಲ್ಲಿಯವರೆಗೆ, ಎಲ್ಲವನ್ನೂ ಒಂದು ವರದಿಯಲ್ಲಿ ಬ್ರಿಟಿಷ್ ಅಧಿಕಾರಿಯೊಬ್ಬ ಬರೆದಿದ್ದ. ಅವನು ಅವರ ಡೇರೆಯ ಮುಂದೆ ಕೂತಿದ್ದ, ನಾನು ಕೂತಿರಲಿಲ್ಲ. ಆದರೆ ಇಡೀ ವರದಿಯಲ್ಲಿ ಒಬ್ಬ ಹೆಂಗಸು ಬಾಯಿಬಿಟ್ಟು ಆಡಿದ ಒಂದು ಮಾತೂ ಇರಲಿಲ್ಲ.

ಆ ಹಾಳೆಗಳ ಝೆರಾಕ್ಸ್ ತಂದು ಅಪ್ಪನ ಮುಂದಿಟ್ಟೆ. ಆಗ ಅವರು ನಿವೃತ್ತರಾಗಿದ್ದರು. ಕನ್ನಡಕ ಹಾಕಿಕೊಂಡು ಇಂಗ್ಲಿಷನ್ನು ನಿಧಾನವಾಗಿ ಓದಿದರು. ಓದಿ, ಹಾಳೆಗಳನ್ನು ಅಂಚಿಗೆ ಅಂಚು ಸೇರಿಸಿ ಟೇಬಲ್ಲಿನ ಮೇಲಿಟ್ಟರು.

"ಔರಾದಿನಾಗ ಹಾಸ್ಟೆಲಿಗಿದ್ದೆ ನಾ," ಎಂದರು. "ಯಾರದರ ಪೆನ್ ಕಳೀತಂದ್ರ ಮೊದಲು ನನ್ನ ಟ್ರಂಕ್ ತೆಗಸ್ತಿದ್ರು. ಒಂದ್ ಸಲನೂ ಏನೂ ಸಿಗಲಿಲ್ಲ. ಆದ್ರೂ ಮುಂದಿನ ಸಲ ಮತ್ತ ನಂದೇ ಟ್ರಂಕ್."

"ಆವಾಗ ಆ ಕಾನೂನು ತೆಗದಿದ್ರಲ್ರಿ ಅಪ್ಪಾ?"

"ಕಾಗದದಾಗ ತೆಗದಿದ್ರು. ಮಂದಿ ತಲಿಯಾಗಿಂದು ಯಾರು ತೆಗೀಬೇಕು? ಬಾಯಿ ತೆಗದ್ರ ನಾ ಯಾರಂತ ಗೊತ್ತಾಗ್ತಿತ್ತು. ಅದಕ್ಕ ಆ ಮಾತೇ ಬಿಟ್ಟೆ."

ಅವರು ನನಗೆ ಈ ವಿಷಯ ಹೇಳಿದ್ದು ಅದೇ ಮೊದಲು. ಅಲ್ಲಿಯವರೆಗೆ ನಾನು ಅವರನ್ನು ತನ್ನವರ ಬಗ್ಗೆ ನಾಚಿಕೆಪಡುವ ಮನುಷ್ಯ ಎಂದುಕೊಂಡಿದ್ದೆ. ನಾಲ್ಕು ದಿನ ಬಿಟ್ಟು ಅವರೇ ಕೇಳಿದರು.

"ಸಣ್ಣಜ್ಜಿ ಇನ್ನಾ ಅದಾಳ. ಹೋಗೂನೇನು?"

ಸಣ್ಣಜ್ಜಿ ಎಂದರೆ ಯಾಡಿಯ ಕಿರಿಯ ತಂಗಿ. ಯಾಡಿಗೆ ಇಬ್ಬರು ತಂಗಿಯರು. ಯಾಡಿಯನ್ನು ಔರಾದ್ ಕಡೆಗೆ ಕೊಟ್ಟಿದ್ದರು, ನಡುವಿನವಳನ್ನು ನಾರಾಯಣಖೇಡ ಕಡೆಗೆ, ಕಿರಿಯವಳನ್ನು ಉದಗೀರ ಕಡೆಗೆ. ಕೊಡುವಾಗ ಮೂರೂ ತಾಂಡಾಗಳು ನಿಜಾಮನ ನೆಲದಲ್ಲೇ ಇದ್ದವು. ಆಮೇಲೆ ಭಾಷೆ ನೋಡಿ ರಾಜ್ಯಗಳನ್ನು ಕಟ್ಟಿದರು. ಕನ್ನಡ ಒಂದು ಕಡೆ, ಮರಾಠಿ ಒಂದು ಕಡೆ, ತೆಲುಗು ಒಂದು ಕಡೆ. ಅಕ್ಕತಂಗಿಯರು ಆಡುತ್ತಿದ್ದ ಮಾತು ಆ ಮೂರರಲ್ಲಿ ಯಾವುದೂ ಅಲ್ಲ. ಹೀಗೆ ಒಂದೇ ಹೊಟ್ಟೆಯಲ್ಲಿ ಹುಟ್ಟಿದ ಮೂವರು ಮೂರು ರಾಜ್ಯದವರಾದರು. ಆಯಾ ರಾಜ್ಯದ ಪಟ್ಟಿಯಲ್ಲಿ ಯಾಡಿಯ ಮನೆ ಪರಿಶಿಷ್ಟ ಜಾತಿ, ನಡುವಿನವಳ ಮನೆ ಪರಿಶಿಷ್ಟ ಪಂಗಡ, ಕಿರಿಯವಳ ಮನೆ ವಿಮುಕ್ತ ಜಾತಿ, ಅಂದರೆ ಅಪರಾಧಿಗಳ ಪಟ್ಟಿಯಿಂದ ಬಿಡಿಸಿದವರು. ಇದನ್ನು ನಾನು ಪ್ರಬಂಧದ ಒಂದು ಅಧ್ಯಾಯವಾಗಿ ಬರೆದಿದ್ದೇನೆ. ಆದರೆ ಬರೆಯುವ ಮೊದಲು ಆ ಮೂವರಲ್ಲಿ ಉಳಿದಿದ್ದ ಒಬ್ಬಳ ಮುಖ ನೋಡಿದೆ.

ಬೀದರಿನಿಂದ ಭಾಲ್ಕಿ, ಕಮಲನಗರ ದಾಟಿ ಬಸ್ಸು ಹೋಗುವಾಗ ಅಪ್ಪ ಕಿಟಕಿಗೆ ಹಣೆ ಹಚ್ಚಿ ಕೂತಿದ್ದರು. ಕಮಲನಗರದಾಚೆ ಅಂಗಡಿಗಳ ಫಲಕಗಳು ಕನ್ನಡದಿಂದ ಮರಾಠಿಗೆ ತಿರುಗಿದವು. ಎರಡೂ ಬದಿಗೆ ಅದೇ ಕಪ್ಪು ನೆಲ, ಅದೇ ತೊಗರಿ. ಇಳಿದು ಆಟೊ ಹಿಡಿದು ತಾಂಡಾ ಮುಟ್ಟುವಷ್ಟರಲ್ಲಿ ಹೊತ್ತು ಏರಿತ್ತು.

ಸಣ್ಣಜ್ಜಿ ಬೇವಿನ ಗಿಡದ ಕೆಳಗೆ ಮೊರದ ತುಂಬ ಜೋಳ ಹಾಕಿಕೊಂಡು ಹರಳು ಆರಿಸುತ್ತಿದ್ದಳು. ಅಪ್ಪ ಏನೋ ಹೇಳಿದರು. ಅವಳು ಮೊರವನ್ನು ಪಕ್ಕಕ್ಕಿಟ್ಟು ಎದ್ದು ಬಂದು ಸೀದಾ ನನ್ನ ಕೊರಳಿಗೆ ಬಿದ್ದಳು. ಬಿದ್ದು ರಾಗ ಎತ್ತಿ ಅಳತೊಡಗಿದಳು. ನಮ್ಮಲ್ಲಿ ಬಹಳ ದಿನಕ್ಕೆ ಸಿಕ್ಕ ಹೆಂಗಸರು ಹೀಗೆ ಅಳುತ್ತಾರೆ. ಸತ್ತವರನ್ನು ಹೆಸರು ಹಿಡಿದು ಕರೆಯುತ್ತಾರೆ, ನಡುವೆ ಆದದ್ದನ್ನೆಲ್ಲ ಆ ರಾಗದಲ್ಲೇ ಹೇಳಿಕೊಳ್ಳುತ್ತಾರೆ. ಒಬ್ಬಳು ಎತ್ತಿದರೆ ಇನ್ನೊಬ್ಬಳು ಅದೇ ರಾಗದಲ್ಲಿ ಉತ್ತರ ಕೊಡಬೇಕು. ಈ ಪದ್ಧತಿಯ ಬಗ್ಗೆ ನನ್ನ ನೋಟ್‌ಬುಕ್ಕಿನಲ್ಲಿ ಎರಡು ಪುಟ ಇದ್ದವು. ಅವಳು ನಿಲ್ಲಿಸಿ, ನನ್ನ ಭುಜದ ಮೇಲೆ ಗದ್ದ ಇಟ್ಟುಕೊಂಡು ಕಾದಳು. ನಾನು ಕಟ್ಟಿಗೆಯ ಹಾಗೆ ನಿಂತಿದ್ದೆ. ಅವಳು ಇನ್ನೊಮ್ಮೆ ಎತ್ತಿದಳು, ಇನ್ನೊಮ್ಮೆ ಕಾದಳು. ಆಮೇಲೆ ಹಿಂದೆ ಸರಿದು ನನ್ನ ಮುಖ ನೋಡಿದಳು.

ಉತ್ತರ ಕೊಟ್ಟವರು ಅಪ್ಪ. ಗಂಡಸರು ಅಳುವ ಪದ್ಧತಿ ಅದಲ್ಲ. ಆದರೂ ಅವರು ಅವಳ ಎರಡೂ ಕೈ ಹಿಡಿದು, ಮೊದಲು ತಡವರಿಸಿ, ಆಮೇಲೆ ಸರಾಗವಾಗಿ ಆ ಮಾತಿನಲ್ಲಿ ಹೇಳತೊಡಗಿದರು. ಅವರ ದನಿಯೇ ಬೇರೆಯಾಯಿತು. ಕನ್ನಡದಲ್ಲಿ ಅಪ್ಪ ಯಾವಾಗಲೂ ಅಳೆದು ತೂಗಿ ಮಾತಾಡುವವರು. ಅಲ್ಲಿ ಅವರ ಮಾತು ಒಂದರ ಮೇಲೊಂದು ಬೀಳುತ್ತಿತ್ತು, ಕೈಗಳು ಆಡುತ್ತಿದ್ದವು, ತೊಡೆ ತಟ್ಟಿ ನಗುತ್ತಿದ್ದರು. ನಲವತ್ತಕ್ಕೆ ಬಂದ ಮಗಳು ನಾನು, ಅಪ್ಪ ಹಾಗೆ ನಗುವುದನ್ನು ಅಲ್ಲಿಯವರೆಗೆ ನೋಡಿರಲಿಲ್ಲ. ರೆಕಾರ್ಡರ್ ಹಚ್ಚಿಟ್ಟು ಇಬ್ಬರ ಬಾಯಿಯನ್ನೇ ನೋಡುತ್ತ ಕೂತೆ.

ಬೀದರಿಗೆ ಬಂದು ಅಪ್ಪ ಅದನ್ನೆಲ್ಲ ಕನ್ನಡಕ್ಕೆ ಹೇಳುತ್ತ ಹೋದರು, ನಾನು ಬರೆದುಕೊಂಡೆ. ಮದುವೆ, ಎತ್ತು, ರಜಾಕಾರರ ಹೆದರಿಕೆಗೆ ಹಗಲೆಲ್ಲ ಹೊಲದಲ್ಲಿ ಅಡಗಿದ್ದು. ಒಂದು ಕಡೆ ಮಾತ್ರ ಅವರು ಕೈಚಾಚಿ ರೆಕಾರ್ಡರ್ ನಿಲ್ಲಿಸಿದರು.

"ಇದು ಬ್ಯಾಡ. ಬರೇ ಮನಿ ಮಾತು ಅದ."

"ನನಗ ಮನಿ ಮಾತೇ ಬೇಕಾಗ್ಯಾವ್ರಿ ಅಪ್ಪಾ."

"ಬ್ಯಾಡ ಅಂದ್ನೆಲ್ಲ ಬೇಟಾ," ಎಂದು ಎದ್ದು ಹೋದರು.

ನನ್ನ ಕಾಲೇಜಿನಲ್ಲಿ ತಾಂಡಾದ ವಿದ್ಯಾರ್ಥಿನಿಯರಿದ್ದರು. ಯಾರಿಗಾದರೂ ಕೇಳಿಸಿದ್ದರೆ ಹತ್ತು ನಿಮಿಷದಲ್ಲಿ ಹೇಳಿಬಿಡುತ್ತಿದ್ದರು. ಕೇಳಿಸಲಿಲ್ಲ. ಹಾಗೆ ಮಾಡಿದರೆ ಅಪ್ಪನ ಟ್ರಂಕು ತೆರೆದವರಿಗೂ ನನಗೂ ಏನು ವ್ಯತ್ಯಾಸ ಎನಿಸಿತು. ಮೂರು ವಾರ ಕಳೆದವು. ಒಂದು ರವಿವಾರ ಮುಂಜಾನೆ ಚಹಾ ಕುಡಿಯುತ್ತ ಅಪ್ಪನೇ ಶುರು ಮಾಡಿದರು.

"ಹೇಳ್ತೇನಿ. ಆದ್ರ ಬರಕೋಬ್ಯಾಡ."

ನಾನು ಪೆನ್ನು ಕೆಳಗಿಟ್ಟೆ.

"ಸಣ್ಣಜ್ಜಿ ಕೇಳಿದ್ಳು, ಇಷ್ಟು ದೂರ ಯಾಕ ಬಂದೀರಿ, ಈ ಹುಡುಗಿಗಿ ಎಲ್ಲಾ ಗೊತ್ತದಲ್ಲ ಅಂತ. ಏನು ಗೊತ್ತದ ಅಂದೆ. ಯಾಡಿ ಕಣ್ಣು ಮಾಡಿಸ್ಕೊಂಡು ಹೋದಾಗ ಆಕಿ ಮುಂದ ಹೇಳಿದ್ಳಂತ. ನಮ್ಮ ಮಂದಿ ನಡದ ದಾರಿ, ಯಾವ ಊರಾಗ ಯಾವ ಬಾವಿ, ಯಾರು ಎಲ್ಲಿ ಹುಟ್ಟಿದ್ರು, ಎಲ್ಲಿ ಮಣ್ಣಾದ್ರು, ಎಲ್ಲಾ ಮೊಮ್ಮಗಳಿಗಿ ಒಪ್ಪಿಸಿ ಬಂದೀನಿ. ಶಾಣ್ಯಾ ಹುಡುಗಿ, ಒಂದೂ ಬಿಡದ ಹೂಂ ಹೂಂ ಅಂತ ಕೇಳಿದ್ಳು ಅಂತ."

ಅಪ್ಪ ಕಪ್ಪನ್ನು ಕೆಳಗಿಟ್ಟರು.

"ಆಕಿಗಿ ನಮ್ಮ ಮಾತು ಬರಲ್ಲ, ನಾನೇ ಕಲಿಸಿಲ್ಲ ಅಂದೆ. ಸಣ್ಣಜ್ಜಿ ಮತ್ತ ಮೊರ ಎಳಕೊಂಡ್ಳು. ನೀ ರೆಕಾರ್ಡ್ ಕೇಳು, ಅಲ್ಲಿ ಬರೇ ಜೋಳ ಆರಸೋ ಸಪ್ಪಳ ಅದ."

ನಾನು ಒಳಗೆ ಹೋಗಿ ಅತ್ತೆ. ಹೊರಗೆ ಬಂದಾಗ ಅಪ್ಪ ಇನ್ನೂ ಅಲ್ಲೇ ಇದ್ದರು. "ತಪ್ಪಾಯ್ತು ಬೇಟಾ," ಎಂದರು. ತಂದೆಯ ಬಾಯಲ್ಲಿ ಆ ಮಾತು ಕೇಳಬಾರದು. ನಾನು ಅವರ ಕಪ್ಪು ತೊಳೆದು ಇಟ್ಟೆ. ಆಮೇಲೆ ಎಷ್ಟೋ ದಿನ ಆ ಮಧ್ಯಾಹ್ನಗಳನ್ನು ನೆನೆಯಲು ಹೆಣಗಾಡಿದೆ. ದನಿ ನೆನಪಾಗುತ್ತದೆ, ಏರಿಳಿತ ನೆನಪಾಗುತ್ತದೆ. ಶಬ್ದಗಳು ಒಂದೂ ಇಲ್ಲ. ಅರ್ಥವಾಗದ್ದನ್ನು ಮನಸ್ಸು ಹಿಡಿದಿಡುವುದಿಲ್ಲ.

ಸಣ್ಣಜ್ಜಿ ಮುಂದಿನ ಬೇಸಿಗೆಯಲ್ಲಿ ತೀರಿಕೊಂಡಳು. ನನ್ನ ಪ್ರಬಂಧ ಮುಗಿಯಿತು, ಪದವಿ ಬಂತು. ನಮ್ಮವರು ನಡೆದ ದಾರಿಗಳ ಅಧ್ಯಾಯವನ್ನು ಆ ವರದಿಗಳ ಆಧಾರದ ಮೇಲೇ ಬರೆಯಬೇಕಾಯಿತು. ಪ್ರಬಂಧದ ಕೊನೆಯಲ್ಲಿ ಕೊಟ್ಟ ಮಾಹಿತಿದಾರರ ಪಟ್ಟಿಯಲ್ಲಿ ಅಪ್ಪನ ಹೆಸರು ಓದಿ ಅವರು, "ಮತ್ತೊಂದು ಪಟ್ಟಿಗಿ ಹಚ್ಚಿದಿ ನೋಡು ನನಗ," ಎಂದು ನಕ್ಕರು. ಈಗ ದಿನಾ ಸಂಜೆ ನನಗೆ ಆ ಮಾತು ಕಲಿಸುತ್ತಾರೆ. ಅವರಿಗೂ ಎಷ್ಟೋ ಶಬ್ದ ಮರೆತುಹೋಗಿವೆ. ಹುಡುಕುತ್ತ ಅರ್ಧಕ್ಕೆ ನಿಲ್ಲುತ್ತಾರೆ, ನಾನು ಕಾಯುತ್ತೇನೆ.

ಮೊನ್ನೆ ಭಾಲ್ಕಿಯ ಬಸ್‌ಸ್ಟ್ಯಾಂಡಿನಲ್ಲಿ ಕಬ್ಬು ಕಡಿಯಲು ಹೊರಟ ತಾಂಡಾದ ಹೆಂಗಸರ ಒಂದು ಗುಂಪು ಗಂಟುಮೂಟೆಗಳ ನಡುವೆ ಕೂತಿತ್ತು. ಕಂಬದ ಮಗ್ಗುಲಿಗೆ ನಿಂತು ಅವರ ಮಾತು ಕೇಳುತ್ತ ಬೀದರಿನ ಬಸ್ಸು ಬಿಟ್ಟೆ. ಹತ್ತರಲ್ಲಿ ಎರಡು ತಿಳಿಯುತ್ತಿತ್ತು. ನೀರು, ರೊಟ್ಟಿ, ಯಾರದೋ ಅತ್ತೆಯ ಮೇಲಿನ ಸಿಟ್ಟು. ಅವರಲ್ಲಿ ಹಿರಿಯವಳು ನನ್ನನ್ನು ನೋಡಿ ಕನ್ನಡದಲ್ಲಿ, "ಎಲ್ಲಿಗಿ ಹೋಗ್ಬೇಕ್ರಿ ಬಾಯಿ?" ಎಂದಳು.

ನಾನೂ ನಿಮ್ಮವಳೇ ಎಂದು ಆ ಮಾತಿನಲ್ಲಿ ಹೇಳಿದೆ. ಏನೋ ತಪ್ಪಿತ್ತು. ಎಲ್ಲರೂ ಗೊಳ್ಳೆಂದು ನಕ್ಕರು. ಹಿರಿಯವಳು ನಗದೆ ಆ ವಾಕ್ಯವನ್ನು ಸರಿಮಾಡಿ, ಬಿಡಿಬಿಡಿಯಾಗಿ ಹೇಳಿ, ನಾನು ತಿರುಗಿ ಹೇಳುವವರೆಗೆ ಬಿಡಲಿಲ್ಲ. ಎರಡನೆಯ ಬಸ್ಸೂ ಹೋಯಿತು. ಅವಳು ತನ್ನ ಗಂಟನ್ನು ಆ ಕಡೆಗೆ ಸರಿಸಿದಳು, ನಾನು ಕೂತೆ.