ಅಕ್ಷರ ಕೂರಿಸುವ ರಂಗರಾಜು

ತಿಪಟೂರಿನ ರಂಗರಾಜುವಿನ ಅಂಗಡಿಗೆ ಜನ ಹಳೇ ಮದುವೆಯ ವಿಡಿಯೋ ಕ್ಯಾಸೆಟ್ಟನ್ನು ಎಳೆಗೂಸಿನಂತೆ ಟವೆಲಿನಲ್ಲಿ ಸುತ್ತಿಕೊಂಡೇ ಬರುತ್ತಾರೆ. ಅದನ್ನು ಮೊಬೈಲಿನಲ್ಲಿ ಓಡುವಂತೆ ಮಾಡುವುದು ಅವನ ಕಸುಬು. ಯಾರೂ ಕೇಳದಿದ್ದರೂ ಮಾತುಗಳನ್ನೆಲ್ಲ ಚಿತ್ರದ ಕೆಳಗೆ ಅಕ್ಷರದಲ್ಲಿ ಕೂರಿಸುವುದು ಅವನ ಚಟ. ಅಕ್ಷರ ಮುಂದೋಡಿ ಬಾಯಿ ಹಿಂದುಳಿದರೆ ಅವನಿಗೆ ಅನ್ನ ಸೇರದು. ಆಗ ಚಿತ್ರದಲ್ಲಿ ಯಾರಾದರೂ ತೆಂಗಿನಕಾಯಿ ಒಡೆಯುವ ಜಾಗ ಹುಡುಕುತ್ತಾನೆ. ಈ ಸೀಮೆಯಲ್ಲಿ ಕಾಯಿ ಒಡೆಯದ ಮದುವೆ ಎಲ್ಲಿದೆ? ಕಾಯಿ ಹೋಳಾಗುವ ಗಳಿಗೆಗೆ ಸರಿಯಾಗಿ ‘ಠಪ್’ ಎಂಬ ಅಕ್ಷರ ಕೂರಿಸಿದರೆ ಮಿಕ್ಕ ಮಾತೆಲ್ಲ ಸಾಲಾಗಿ ಹಿಂದೆ ಬರುತ್ತದೆ. “ಕಾಯಿ ಸಿಕ್ತು ಕಣ್ರೀ, ಇನ್ನು ಮದ್ವೆ ಸಲೀಸು ಬುಡಿ” ಎಂದು ತಾನೇ ಹೆಣ್ಣಿನ ತಂದೆಯೆಂಬಂತೆ ಬೀಗುತ್ತಾನೆ. ಬೂಷ್ಟು ಹಿಡಿದು ಸದ್ದೇ ಹೋದ ಕ್ಯಾಸೆಟ್ ಬಂದರೆ ಮಾತ್ರ ಹೆಂಡತಿ ಭೀಮಕ್ಕನನ್ನು ಕರೆಯುತ್ತಾನೆ. ಜ್ವರದಲ್ಲಿ ಕಿವಿ ಕಳೆದುಕೊಂಡ ಮೇಲೆ ಆಕೆ ತುಟಿ ನೋಡಿಯೇ ಮಾತು ತಿಳಿಯುತ್ತಾಳೆ. ಆಕೆ ಹೇಳಿದ್ದನ್ನು ಇವನು ಅಕ್ಷರ ಮಾಡುತ್ತಾನೆ. ಅವರದೇ ಮದುವೆಯ ಕ್ಯಾಸೆಟ್ಟೂ ಮೂಕವೇ. ಅದರಲ್ಲಿ ಈಗ ತೀರಿಹೋಗಿರುವ ಭೀಮಕ್ಕನ ತಾಯಿ ಮದುಮಗಳ ಕೆನ್ನೆ ಹಿಡಿದು ಏನೋ ಹೇಳುತ್ತಾರೆ. ಆ ಒಂದು ಜಾಗದಲ್ಲಿ ಮಾತ್ರ ಅವನು ಅಕ್ಷರ ಕೂರಿಸಿಲ್ಲ. ನೋಡುವಾಗಲೆಲ್ಲ ಹೆಂಡತಿಯತ್ತ ತಿರುಗಿ, “ನಿಮ್ಮವ್ವ ಏನಂತವ್ರೆ?” ಎನ್ನುತ್ತಾನೆ. “‘ಉಂಡ್ಯೇನೇ ಮಗಾ’ ಅಂತವ್ರೆ” ಎನ್ನುತ್ತಾಳೆ ಭೀಮಕ್ಕ, ಈಗತಾನೇ ಕಿವಿಗೆ ಬಿತ್ತೆಂಬಂತೆ.