ಚಿಕ್ಕನಿಂಗಮ್ಮನ ಶತ್ರು

ನಮ್ಮ ಪಕ್ಕದ ಮನೆಯ ಚಿಕ್ಕನಿಂಗಮ್ಮ ಎಂಜಲು ಕೈಯಲ್ಲಿ ಕಾಗೆ ಓಡಿಸುವವಳಲ್ಲ. ಗೋಪಾಲಸ್ವಾಮಿ ಬೆಟ್ಟದ ಬುಡದಲ್ಲಿ ನಮ್ಮೂರು. ಕಾಡಂಚಿಗೆ ಮೇಯಲು ಹೋದ ದನಗಳ ಹಿಂದೆ ಮಂಕರಿ ಹೊತ್ತು ನಡೆದು ಸಗಣಿ ಬಾಚುವುದು ಅವಳ ಮೂವತ್ತು ವರ್ಷದ ಕಸುಬು. ಆ ಸಗಣಿ ಲಾರಿ ಹತ್ತಿ ಕೇರಳದ ಶುಂಠಿ ಹೊಲಕ್ಕೆ ಹೋಗುತ್ತದೆ.

ಲೋಕದಲ್ಲಿ ಅವಳಿಗಿದ್ದದ್ದು ಒಂದೇ ಶತ್ರು, ಸಗಣಿ ಹುಳ. ಸಗಣಿ ಬಿದ್ದ ಕೂಡಲೇ ವಾಸನೆ ಹಿಡಿದು ಹಾರಿಬರುತ್ತದೆ. ಸ್ವಲ್ಪ ಹೊತ್ತಿಗೆಲ್ಲ ಅಡಿಯಲ್ಲೇ ಬಿಲ ತೋಡಿ ಒಳಗೆ ಇಳಿಸತೊಡಗುತ್ತದೆ. ಇವಳೋ ಕೋಲಿನಿಂದ ಬಿಲ ಕೆದಕಿ, ರಾಗಿ ಮುದ್ದೆಯಂತೆ ಕಟ್ಟಿಟ್ಟ ಉಂಡೆಗಳನ್ನೂ ಕಿತ್ತು ಮಂಕರಿಗೆ ಹಾಕುತ್ತಿದ್ದಳು. ಒಳಗೆ ಹುಳದ ಮರಿ ಇರುತ್ತದಲ್ಲ, ಪಾಪ ಎಂದರೆ, ಸಗಣಿ ಅದರಪ್ಪನ ಮನೆ ಆಸ್ತಿಯೇ ಎಂದು ನನ್ನನ್ನೇ ಬೈದಳು. ಹುಳ ಇಳಿಸಿದ ಗೊಬ್ಬರದಿಂದಲೇ ಮಣ್ಣು ಸಡಿಲಾಗಿ ಹುಲ್ಲು ಚಿಗುರುವುದು, ಅದನ್ನು ಮೇದೇ ದನ ಸಗಣಿ ಹಾಕುವುದು ಎಂದು ಹೇಳಹೋಗಿ ಇನ್ನಷ್ಟು ಬೈಸಿಕೊಂಡೆ.

ಕಳೆದ ಆಷಾಢದ ಒಂದು ಬೆಳಿಗ್ಗೆ ಜಿಟಿಜಿಟಿ ಮಳೆ. ಆರು ತಿಂಗಳ ಬಸುರಿ ಸೊಸೆ ಸುಧಾಮಣಿ ಮುಂದೆ ಹೋಗಿದ್ದಳು, ಅತ್ತೆ ಹಿಂದೆ. ದಾರಿಯಲ್ಲಿ ಆನೆ ಲದ್ದಿ, ಅದರ ಮೇಲೆ ಸೊಸೆಯ ಹೆಜ್ಜೆ. ಕಾಲಲ್ಲಿ ಮುಟ್ಟಿ ನೋಡಿ, ತಣ್ಣಗಿದೆ, ಹಳೆಯದು ಎಂದುಕೊಂಡು ಹೋಗಿದ್ದಾಳೆ. ಚಿಕ್ಕನಿಂಗಮ್ಮ ಬಗ್ಗಿದಳು. ಹುಳಗಳು ಇನ್ನೂ ಬಂದು ಕೂರುತ್ತಿದ್ದವು. ಒಂದೂ ಮಣ್ಣು ತೋಡಿರಲಿಲ್ಲ. ಲದ್ದಿ ತಣ್ಣಗಾದದ್ದು ಮಳೆಗೆ. ಆನೆ ಇಲ್ಲೇ ಇದೆ.

ಕೂಗುವಂತಿಲ್ಲ. ಕೂಗಿದರೆ ಆನೆ ಸೊಸೆಯ ಮೇಲೇ ನುಗ್ಗಬಹುದು. ಮಂಕರಿ ಇಳಿಸಿ, ಚಪ್ಪಲಿ ಬಿಟ್ಟು, ಉಸಿರು ಬಿಗಿಹಿಡಿದು ಹೋದಳು. ಲಂಟಾನದ ಪೊದೆಯ ಈಚೆ ಸುಧಾಮಣಿ ಬಗ್ಗಿ ಸಗಣಿ ಬಾಚುತ್ತಿದ್ದಾಳೆ. ಆಚೆ ರೆಂಬೆ ಮುರಿಯುವ ಸದ್ದು. ಸೊಸೆಯ ಬಾಯಿ ಮುಚ್ಚಿ, ರಟ್ಟೆ ಹಿಡಿದು, ಒಂದೊಂದೇ ಹೆಜ್ಜೆ ಹಿಂದಕ್ಕೆ. ಪೊದೆಯ ಮೇಲಿಂದ ಆನೆ ತಲೆ ತಿರುಗಿಸಿತು. ಇಬ್ಬರೂ ಕಲ್ಲಾದರು. ಎಷ್ಟೋ ಹೊತ್ತಿನ ಮೇಲೆ ಅದು ಮತ್ತೆ ಮೇಯತೊಡಗಿತು.

ಮನೆ ಸೇರಿದ ಮೇಲೆ ಚಿಕ್ಕನಿಂಗಮ್ಮ ಜಗುಲಿಯಲ್ಲಿ ಕೂತು ಗೊಳೋ ಎಂದು ಅತ್ತಳು. ಅವಳ ಅಳು ನಾನು ಕಂಡದ್ದು ಅದೇ ಮೊದಲು.

ವಾರದ ಮೇಲೆ ಮತ್ತೆ ಹೊರಟಳು, ಜತೆಗೆ ನಾನೂ. ಅಭ್ಯಾಸಬಲ, ಕೋಲು ತಾನಾಗಿ ಬಿಲ ಕೆದಕಿತು. ಉಂಡೆಯೊಂದು ಒಡೆಯದೆ ಹೊರಬಂತು. ಅಂಗೈಯಲ್ಲಿಟ್ಟು ನೋಡಿದಳು. ಮತ್ತೆ ಬಿಲದಲ್ಲೇ ಇಟ್ಟು ಮಣ್ಣು ಮುಚ್ಚಿದಳು.

“ನಮ್ ಮನೆ ಕೂಸ ಈ ಉಳ್ಗಳೇ ಉಳ್ಸುದ್ವು ಕಣಮ್ಮಿ. ಇವುಗಳ ಕೂಸು ಅದ್ರ ಪಾಡ್ಗೆ ಇರ್ಲಿ ಬುಡು.”

ಅವತ್ತು ಮಂಕರಿ ಅರ್ಧವೇ ತುಂಬಿತ್ತು. ಹಾಗೇ ಹೊತ್ತು ಮನೆಗೆ ಬಂದೆವು.