ಸತ್ತವರ ಪ್ಯಾಕಿಂಗ್ ಲಿಸ್ಟು

ಮೊದಲೇ ಒಪ್ಪಿಕೊಂಡುಬಿಡುತ್ತೇನೆ, ನಾನು ಸಂಶಯದ ಪ್ರಾಣಿ. ಹಾಲಿನ ಪ್ಯಾಕೆಟ್ಟಿನ ಮೇಲೆ ‘ತಾಜಾ’ ಎಂದು ದೊಡ್ಡ ಅಕ್ಷರದಲ್ಲಿ ಅಚ್ಚಾಗಿದ್ದರೆ, ಇಷ್ಟು ದೊಡ್ಡದಾಗಿ ಹೇಳುವ ಅಗತ್ಯವೇನಿತ್ತು ಎಂದು ಯೋಚಿಸುತ್ತೇನೆ. ದುಬೈಯ ಕರಾಮದಲ್ಲಿ ನಮ್ಮ ಬೀದಿಯ ಹೋಟೆಲಿನವನು ಇವತ್ತು ಗೋಳಿಬಜೆ ಒಳ್ಳೆಯದಿದೆ ಎಂದರೆ, ನಿನ್ನೆಯದು ಎಷ್ಟು ಉಳಿದಿರಬಹುದು ಎಂದು ಮನಸ್ಸಿನಲ್ಲೇ ಅಂದಾಜು ಹಾಕುತ್ತೇನೆ. ದೇವರೇ ಪ್ರತ್ಯಕ್ಷನಾದರೂ ಮೊದಲು ಐಡಿ ಕಾರ್ಡು ಕೇಳುವವರು ನೀವು ಎಂಬುದು ನನ್ನ ಹೆಂಡತಿ ಶೈಲಾಳ ಅಭಿಪ್ರಾಯ. ಅವಳು ಹೀಗೆ ಹೇಳುವುದರ ಹಿಂದೆ ಬೇರೇನೋ ಇದೆ ಎಂಬುದು ನನ್ನ ಅಭಿಪ್ರಾಯ.

ಹುಟ್ಟುಗುಣವೋ ಕಸುಬಿನ ಗುಣವೋ ತಿಳಿಯದು. ಜೆಬೆಲ್ ಅಲಿ ಬಂದರಿನ ಒಂದು ಗೋದಾಮಿನಲ್ಲಿ ಹದಿನಾರು ವರ್ಷಗಳಿಂದ ನನ್ನ ಕೆಲಸ ಒಂದೇ: ಕಂಟೇನರಿನ ಬಾಗಿಲು ತೆಗೆಸಿ, ಒಳಗಿನ ಸರಕು ಪ್ಯಾಕಿಂಗ್ ಲಿಸ್ಟಿನಲ್ಲಿ ಬರೆದ ಹಾಗೆಯೇ ಇದೆಯೇ ಎಂದು ನೋಡುವುದು. ಲಿಸ್ಟಿನಲ್ಲಿ ಚೀನಾದ ಪಿಂಗಾಣಿ ಎಂದಿರುತ್ತದೆ, ಒಳಗೆ ಪ್ಲಾಸ್ಟಿಕ್ ಕುರ್ಚಿ ಇರುತ್ತದೆ. ಇಂಥ ಕೆಲಸ ಮಾಡುವವನಿಗೆ ಸಂಜೆ ಕಂಪೆನಿ ಬಸ್ಸಿನಿಂದ ಇಳಿದ ಕೂಡಲೇ ಲೋಕದ ಮೇಲೆ ನಂಬಿಕೆ ಹುಟ್ಟಬೇಕೆಂದರೆ ಹೇಗೆ?

ಅಂಥವನ ಕೈಗೆ ಗೋರಿಗಳ ಪುಸ್ತಕ ಸಿಕ್ಕಿತು. ಕಾರಣ ಅಲ್ ಐನ್ ಪಟ್ಟಣ. ಅಲ್ಲಿ ಶೈಲಾಳ ತಂಗಿ ನರ್ಸ್ ಆಗಿದ್ದಾಳೆ. ಒಂದು ಚಳಿಗಾಲದ ರಜೆಯಲ್ಲಿ ಹೋದಾಗ ಸಾವಿರಾರು ವರ್ಷ ಹಳೆಯದಾದ ದುಂಡನೆಯ ಕಲ್ಲುಗೋರಿಯೊಂದನ್ನು ತೋರಿಸಿದಳು. ಸುತ್ತ ಹುಲ್ಲುಹಾಸು, ಅದರ ಮೇಲೆ ಮಲಯಾಳಿ ಸಂಸಾರವೊಂದರ ಬಿರಿಯಾನಿ ಪಾತ್ರೆ. ಒಳಗೆ ಇದ್ದದ್ದು ಒಬ್ಬನಲ್ಲ, ಎಷ್ಟೋ ಜನರ ಮೂಳೆ ಕಲಸುಮೇಲೋಗರವಾಗಿ ಸಿಕ್ಕಿತಂತೆ. ಹಾಗಾದರೆ ಯಾರು ಯಾರೆಂದು ಹೇಗೆ ಗೊತ್ತಾಯಿತು ಎಂದು ಕೇಳಿದೆ. ನಾದಿನಿ ಬಿರಿಯಾನಿಯ ಕಡೆ ನೋಡಿದಳು. ಉತ್ತರ ಹುಡುಕುತ್ತ ಹೋದವನಿಗೆ ಹಳೆ ಪುಸ್ತಕದಂಗಡಿಯಲ್ಲಿ ದಕ್ಕಿದ್ದು ಅರಬ್ಬರ ಗೋರಿಯ ಪುಸ್ತಕವಲ್ಲ. ರೋಮ್ ಸಾಮ್ರಾಜ್ಯ ಕುಸಿದ ಮೇಲೆ, ಯುರೋಪಿನ ಜನ ಸತ್ತವರನ್ನು ಸಾಲುಸಾಲಾಗಿ ಹೂತ ಕಾಲದ್ದು. ಎಲ್ಲಿಯ ಯುರೋಪು, ಎಲ್ಲಿಯ ಕಾರ್ಕಳದವ! ಆದರೂ ಓದಿದೆ. ಒಂದು ವಾರದಲ್ಲಿ ನಾನು ಪುರಾತತ್ವಜ್ಞರನ್ನು ನನ್ನ ಜಾತಿಯವರೆಂದು ಒಪ್ಪಿಕೊಂಡಿದ್ದೆ.

ಮೊದಲು ಅವರೂ ನಂಬುವ ಜನವೇ ಆಗಿದ್ದರು. ಗೋರಿಯಲ್ಲಿ ಕತ್ತಿ ಇದ್ದರೆ ಒಳಗಿರುವವನು ವೀರ. ಮಣಿಸರ, ನೂಲುವ ಕದಿರು ಇದ್ದರೆ ಗೃಹಿಣಿ. ಸೆರಗಿಗೆ ಚುಚ್ಚಿದ ಪಿನ್ನಿನ ಆಕಾರ ನೋಡಿ ಇವಳು ಇಂಥ ಕುಲದವಳು. ಆಮೇಲೆ ಮೂಳೆಗಳು ತಕರಾರು ತೆಗೆದವು. ಕತ್ತಿ ಪಕ್ಕದಲ್ಲಿರುವವನ ಬೆನ್ನುಮೂಳೆ ನೋಡಿದರೆ ಅವನು ಕತ್ತಿ ಎತ್ತುವುದಿರಲಿ, ನೆಟ್ಟಗೆ ನಿಂತಿರುವುದೂ ಅನುಮಾನ. ಹಾಲುಹಲ್ಲಿನ ಮಗುವಿನ ಪಕ್ಕದಲ್ಲೂ ಆಯುಧ. ಉತ್ತರದ ಒಂದೂರಿನಲ್ಲಿ ಕತ್ತಿ, ಬಾಣ, ಎರಡು ಕುದುರೆಗಳ ಸಮೇತ ಹೂತಿದ್ದ ವೀರನನ್ನು ನೂರಕ್ಕೂ ಹೆಚ್ಚು ವರ್ಷ ‘ಅವನು’ ಎಂದೇ ಕರೆದರು; ಕೊನೆಗೆ ಮೂಳೆ ಪರೀಕ್ಷೆ ಮಾಡಿದರೆ ಹೆಂಗಸು. ಇನ್ನು ಹಲ್ಲು. ಬಾಲ್ಯದಲ್ಲಿ ಕುಡಿದ ನೀರಿನ ಗುರುತು ಹಲ್ಲಿನಲ್ಲಿ ಸಾಯುವವರೆಗೂ ಇರುತ್ತದಂತೆ. ಊರಿನ ಹಳಬನೆಂದು ಹೂತವನ ಹಲ್ಲು, ಇವನು ದೂರದಿಂದ ಬಂದವನು ಎಂದು ಚಾಡಿ ಹೇಳುತ್ತದೆ. ಅದನ್ನು ಓದಿದ ದಿನ ನಾನು ಕನ್ನಡಿಯ ಮುಂದೆ ನಿಂತು ಹಲ್ಲು ಕಿಸಿದು ನೋಡಿಕೊಂಡೆ. ಕಾರ್ಕಳದ ಬಾವಿ ಕಾಣಿಸಲಿಲ್ಲ, ಹುಳುಕು ಕಾಣಿಸಿತು.

ಆ ಪುಸ್ತಕದಲ್ಲಿ ಪೆನ್ಸಿಲಿನಿಂದ ಎರಡು ಸಲ ಗೆರೆ ಎಳೆದ ಜಾಗ ಒಂದೇ. ಸತ್ತವನು ತನ್ನ ಗೋರಿಯನ್ನು ತಾನೇ ತುಂಬುವುದಿಲ್ಲ, ಬದುಕಿರುವವರು ತುಂಬುತ್ತಾರೆ; ಅವನು ಹೇಗಿದ್ದ ಎಂಬುದಕ್ಕಿಂತ, ಹೇಗಿದ್ದನೆಂದು ಊರು ತಿಳಿಯಬೇಕೋ ಅದನ್ನು ಇಡುತ್ತಾರೆ. ಹೂತ ಸ್ವಲ್ಪ ಕಾಲದಲ್ಲೇ ಗೋರಿಯನ್ನು ಮತ್ತೆ ತೆರೆದು ಕತ್ತಿಯನ್ನೋ ಪಿನ್ನನ್ನೋ ಮಾತ್ರ ಆರಿಸಿ ತೆಗೆದ ಗುರುತುಗಳೂ ಇವೆ. ತೆಗೆದವರು ಹೊರಗಿನ ಕಳ್ಳರಲ್ಲ, ಊರಿನವರೇ ಇರಬಹುದಂತೆ. ಭಲೇ ಎಂದುಕೊಂಡೆ.

ನಮ್ಮಲ್ಲಿ ಸುಡುವ ಪದ್ಧತಿ, ಗೋರಿಯಲ್ಲಿ ಸಾಮಾನು ಇಡುವ ರೂಢಿ ಇಲ್ಲ ಎಂದು ನೆಮ್ಮದಿಯಾಗಿದ್ದೆ. ಇದೆ. ನಾವು ಅದನ್ನು ಕಾರ್ಗೋದಲ್ಲಿ ಕಳಿಸುತ್ತೇವೆ.

ನಮ್ಮ ಗೋದಾಮಿನಲ್ಲಿ ಫೋರ್ಕ್‌ಲಿಫ್ಟ್ ಓಡಿಸುತ್ತಿದ್ದ ಶೇಖರಣ್ಣ ಒಂದು ಭಾನುವಾರ ಕೆಲಸದ ನಡುವೆ ಎದೆ ಹಿಡಿದುಕೊಂಡು ಕುಳಿತವರು ಏಳಲಿಲ್ಲ. ನಮ್ಮ ಊರ ಕಡೆಯವರು, ಐವತ್ತು ದಾಟಿದವರು. ಕರಾಮದಲ್ಲಿ ನಮ್ಮ ಹಿಂದಿನ ಕಟ್ಟಡದ ಒಂದು ಕೋಣೆಯಲ್ಲಿ, ಪರದೆ ಎಳೆದುಕೊಳ್ಳುವ ಒಂದು ಮಂಚದ ಜಾಗ ಅವರದು. ಕಾಗದಪತ್ರ ಮುಗಿದು ದೇಹ ವಿಮಾನದಲ್ಲಿ ಹೋಯಿತು. ಉಳಿದದ್ದು ಸಾಮಾನು. ಪ್ಯಾಕ್ ಮಾಡಲು ಅವರ ಕೋಣೆಯ ಜೊತೆಗಾರ, ಹೋಟೆಲಿನಲ್ಲಿ ಕೆಲಸ ಮಾಡುವ ಶಿರ್ವದ ರೋಶನ್ ನನ್ನನ್ನು ಕರೆದ. ಲಿಸ್ಟು ಬರೆಯಲು ನನಗಿಂತ ಯೋಗ್ಯ ಇನ್ಯಾರು?

ಮಂಚದಡಿಯ ಟ್ರಂಕಿನಲ್ಲಿ ಇದ್ದದ್ದು ಕಡಿಮೆ. ನಾಲ್ಕು ಲುಂಗಿ, ದಾರ ಕಟ್ಟಿದ ಕನ್ನಡಕ, ಮಾತ್ರೆಗಳು, ತಳ ಸುಟ್ಟ ಒಂದು ಪಾತ್ರೆ. ಇದನ್ನೆಲ್ಲ ಕಳಿಸುವುದು ಹೇಗೆ ಎಂದು ರೋಶನ್ ಮುಖ ಸಣ್ಣ ಮಾಡಿದ. ಬಾಕ್ಸ್ ಬಿಚ್ಚುವಾಗ ಊರೆಲ್ಲ ಬಂದು ಸುತ್ತ ನಿಲ್ಲುತ್ತದೆ, ಇಷ್ಟು ವರ್ಷ ದುಬೈಯಲ್ಲಿದ್ದವನ ಬಾಕ್ಸ್ ಇದೇನಾ ಎನ್ನುತ್ತದೆ. ಹಾಗಾಗಿ ಪಾತ್ರೆ, ಕನ್ನಡಕ, ಹರಿದ ಲುಂಗಿ ಹೊರಗೆ ಬಂದವು. ಹೊಸದಾಗಿ ಕೊಂಡ ಹುಲಿ ಚಿತ್ರದ ದಪ್ಪ ಕಂಬಳಿ, ಅತ್ತರು, ಖರ್ಜೂರ, ಹಾಲಿನ ಪುಡಿ, ಬಾದಾಮಿ ಒಳಗೆ ಹೋದವು. ಅತ್ತರು ಹಚ್ಚಿದ ಶೇಖರಣ್ಣನನ್ನು ಯಾರೂ ಕಂಡಿರಲಿಲ್ಲ. ನಾನು, ಎಲ್ಲರ ಲಿಸ್ಟನ್ನೂ ಅನುಮಾನಿಸುವವನು, ‘ಅತ್ತರು, ಎರಡು’ ಎಂದು ನನ್ನ ಕೈಯಾರೆ ಬರೆದೆ.

ಟ್ರಂಕಿನ ತಳದಲ್ಲಿ ಹಳೆಯ ಟವೆಲಿನಲ್ಲಿ ಸುತ್ತಿದ ಗಂಟೊಂದಿತ್ತು. ಬಿಚ್ಚಿದರೆ ಹಸಿರು ರೇಷ್ಮೆಯ ರವಿಕೆ ಬಟ್ಟೆ, ಒಂದು ತೋಳಿನ ತುಂಬ ಹಳದಿ ದಾರದ ಹೂಗಳು, ಇನ್ನೊಂದು ತೋಳು ಖಾಲಿ. ಜೊತೆಗೆ ಹೆಂಗಸಿನ ಅಳತೆ ಬರೆದ ಚೀಟಿ. ಅಕ್ಷರ ಶೇಖರಣ್ಣನದಲ್ಲ. ಶುಕ್ರವಾರ ರಜೆಯ ದಿನ ಇವರು ಮಧ್ಯಾಹ್ನದಿಂದ ಪರದೆ ಎಳೆದುಕೊಂಡು ಒಳಗೇ ಇರುತ್ತಿದ್ದರು, ಫೋನಿನಲ್ಲಿ ಪಿಸುಪಿಸು ಮಾತಾಡುತ್ತಿದ್ದರು ಎಂದು ರೋಶನ್ ಹೇಳಿದ. ಅಷ್ಟು ಸಾಕಾಯಿತು. ಕಾಮಾಲೆ ಕಣ್ಣಿಗೆ ಹಳದಿ ದಾರ ಬೇರೆ ಸಿಕ್ಕಿತ್ತು. ಈ ದೇಶದಲ್ಲೆಲ್ಲೋ ಒಬ್ಬಳಿದ್ದಾಳೆ, ಈ ಬಟ್ಟೆ ಅವಳದು, ಊರಲ್ಲಿರುವ ಅವರ ಹೆಂಡತಿ, ಪಾಪದ ಗಿರಿಜಕ್ಕನಿಗೆ ವೈಧವ್ಯದ ಜೊತೆ ಇದೂ ಯಾಕೆ ಎಂದು ತೀರ್ಮಾನಿಸಿ, ಗಂಟನ್ನು ನಾನೇ ಮನೆಗೆ ತಂದೆ. ಪುಣ್ಯದ ಕೆಲಸ ಮಾಡಿದ ಸಮಾಧಾನವೂ ಇತ್ತು.

ಮೂರನೆಯ ದಿನ ಶೈಲಾಗೆ ಅದು ನನ್ನ ಅಂಗಿಗಳ ಕೆಳಗೆ ಸಿಕ್ಕಿತು. ಅಳತೆ ತನ್ನದಲ್ಲ ಎಂದಷ್ಟೇ ಹೇಳಿ ಎದುರಿಗೆ ಕುಳಿತಳು. ಸಂಶಯಕ್ಕೆ ಗುರಿಯಾಗುವುದು ಎಂಥ ಅನುಭವವೆಂದು ಹದಿನಾರು ವರ್ಷಗಳ ಸರ್ವೀಸಿನಲ್ಲಿ ಅಂದೇ ತಿಳಿದದ್ದು. ರೋಶನ್‌ಗೆ ಫೋನ್ ಮಾಡಿಸಿ ಸಾಕ್ಷಿ ಹೇಳಿಸಿದೆ.

ಬಾಕ್ಸ್ ಊರು ಸೇರಿದ ಮೇಲೆ ಗಿರಿಜಕ್ಕ ಫೋನ್ ಮಾಡಿದರು. ಎಲ್ಲ ಬಂತು, ತುಂಬ ಉಪಕಾರವಾಯಿತು ಎಂದರು. ಆಮೇಲೆ, ಒಂದು ಹಸಿರು ಬಟ್ಟೆ ಇತ್ತಾ ಎಂದು ಕೇಳಿದರು. ಇಲ್ಲ, ನೋಡಿಲ್ಲ ಎಂದುಬಿಟ್ಟೆ. ಇವರಿಗೂ ವಿಷಯ ಗೊತ್ತಾಗಿದೆ, ನನ್ನಿಂದ ಬಾಯಿ ಬಿಡಿಸಲು ನೋಡುತ್ತಿದ್ದಾರೆ ಎಂದು ನನ್ನ ಎಣಿಕೆ. ಅವರು ಆಯ್ತು ಎಂದು ಫೋನಿಟ್ಟರು. ಶೈಲಾ ಮಾತ್ರ ಪಾತ್ರೆ ತೊಳೆಯುತ್ತಲೇ, ಬಣ್ಣ ಗೊತ್ತಿರುವವರಿಗೆ ಬಟ್ಟೆ ಯಾರದೆಂದು ಗೊತ್ತಿರುವುದಿಲ್ಲವಾ ಎಂದಳು. ಆ ಮಾತು ಒಳಗೆ ಹೋಗಿ ಕೂತಿತು. ನನಗೆ ನಾಚಿಕೆಯಾಯಿತು. ಗೋರಿ ತೆರೆದು ಒಂದೇ ವಸ್ತುವನ್ನು ಆರಿಸಿ ತೆಗೆದ ಊರಿನವನು ನಾನೇ ಆಗಿದ್ದೆ.

ಎರಡು ತಿಂಗಳ ನಂತರ ರಜೆ ಸಿಕ್ಕಾಗ ಗಂಟನ್ನು ಕೈಚೀಲದಲ್ಲೇ ಇಟ್ಟುಕೊಂಡು ಹೋದೆ. ಲಾಂಡ್ರಿಯಲ್ಲಿ ಉಳಿದಿತ್ತು ಎಂಬ ಸುಳ್ಳನ್ನು ವಿಮಾನದಲ್ಲಿ ಚೆನ್ನಾಗಿ ಅಭ್ಯಾಸ ಮಾಡಿದ್ದೆ. ಗಿರಿಜಕ್ಕ ಜಗಲಿಯಲ್ಲಿ ಕೂರಿಸಿ ಬೆಲ್ಲ ನೀರು ಕೊಟ್ಟರು. ಟವೆಲ್ ಬಿಚ್ಚಿ ಬಟ್ಟೆಯನ್ನು ಮಡಿಲಲ್ಲಿ ಹರಡಿಕೊಂಡರು. ಇದನ್ನು ಬಾಕ್ಸಿಗೆ ಯಾಕೆ ಹಾಕಲಿಲ್ಲ ಎಂದು ಕೇಳಿದರು. ಆ ಮುಖದ ಎದುರು ಲಾಂಡ್ರಿ ಬಾಯಿಗೆ ಬರಲಿಲ್ಲ. ಬೇರೆ ಯಾರದೋ ಹೆಂಗಸಿನದು ಎಂದುಕೊಂಡೆವು ಎಂದು ಇದ್ದದ್ದನ್ನು ಹೇಳಿದೆ.

ಬೈಯಲಿಲ್ಲ. ನಕ್ಕರು ಎಂದೇ ಹೇಳಬೇಕು.

“ನಾನು ಕೂಡ ಹಾಗೇ ಗ್ರಹಿಸಿದ್ದು,” ಎಂದರು. “ಶುಕ್ರವಾರ ರಜೆ ಅಲ್ವಾ, ಎಂತ ಮಾಡ್ತೀರಿ, ಎಲ್ಲಿ ಹೋಗ್ತೀರಿ ಅಂತ ವಾರ ವಾರ ಕೇಳ್ತಿದ್ದೆ. ಒಂದು ದಿವಸ ಅವರಿಗೆ ಬೇಜಾರಾಯ್ತು. ಅಳತೆ ಕಳಿಸು, ನಿನ್ನ ರವಿಕೆಗೆ ಹೂ ಹಾಕ್ತಾ ಕೂತ್ಕೊಳ್ತೇನೆ, ಮಗಳ ಮದುವೆಗೆ ಹಾಕು ಅಂದ್ರು. ಅಳತೆ ಚೀಟಿ ಮಗಳೇ ಬರ್ದು ಕಳಿಸಿದ್ಳು. ಆಮೇಲೆ ಪ್ರತಿ ಶುಕ್ರವಾರ ಫೋನಲ್ಲಿ ಇಷ್ಟು ಹೂ ಆಯ್ತು ಅಂತ ಹೇಳುದು. ಆ ಕೈಯಲ್ಲಿ ಎಂತ ಹೂ ಹಾಕುದು ಮಾರಾಯ್ರೆ? ನಾನು ನಂಬ್ಲಿಲ್ಲ.”

ಕಡೆಯ ಶುಕ್ರವಾರ ಎಷ್ಟು ಎಂದಿದ್ದರು ಎಂದು ಕೇಳಿದೆ. ನಲವತ್ತಮೂರು ಎಂದರು. ಹೇಳುತ್ತಲೇ ಅವರ ಬೆರಳು ತೋಳಿನ ಅಂಚಿನಿಂದ ಎಣಿಸತೊಡಗಿತ್ತು. ಹೊಲಿಗೆ ಒರಟು, ಕೆಲವು ಹೂಗಳಿಗೆ ನಾಲ್ಕೇ ದಳ. ಎದುರಿಗೆ ಕುಳಿತ ನಾನೂ ಮನಸ್ಸಿನಲ್ಲೇ ಎಣಿಸಿದೆ. ಸರಿಯಾಗಲಿ ಎಂದು ಬೇಡಿಕೊಂಡು ಎಣಿಸಿದ್ದು ಜೀವನದಲ್ಲಿ ಅದೊಂದೇ ಸಲ. ನಲವತ್ತಮೂರು ಇದ್ದವು. ಅದರಾಚೆ ಅರ್ಧಕ್ಕೆ ನಿಂತ ಒಂದು ಹೂ, ದಾರ ಇನ್ನೂ ನೇತಾಡುತ್ತಿತ್ತು. ಗಿರಿಜಕ್ಕನ ಬೆರಳು ಅದರ ಮೇಲೆ ನಿಂತಿತು.

“ಇದು ಫೋನ್ ಇಟ್ಟ ಮೇಲೆ ಹಾಕಿದ್ದು,” ಎಂದರು.

ಅದಕ್ಕೆ ಪುರಾವೆ ಏನೂ ಇರಲಿಲ್ಲ. ಹೌದು ಎಂದೆ.